ಕುಲಪತಿಯನ್ನು ಆರಿಸುವಾಗ ನೊಬೆಲ್‌ಗಿಂತ ಹಿಂದಿನ ಪುಟಗಳನ್ನು ಓದಬೇಕು

ಮಾನ್ಯ ಸಂಪಾದಕರೇ,

ವಿಶ್ವವಿದ್ಯಾಲಯ ನಡೆಸಲು ವಿಜ್ಞಾನಿ ತಕ್ಕವರೋ, ಆಡಳಿತಗಾರ ತಕ್ಕವರೋ ಎಂಬ ವಾದ ಕುಲಪತಿ ನೇಮಕದ ಕಾಲ ಬಂದಾಗಲೆಲ್ಲ ಪತ್ರಿಕೆಗಳಲ್ಲಿ ಏಳುತ್ತದೆ. ಆಗ ಉದಾಹರಣೆಯಾಗಿ ಬರುವ ಹೆಸರುಗಳಲ್ಲಿ ಖಗೋಳ ಭೌತವಿಜ್ಞಾನಿ ಬ್ರಯಾನ್ ಶ್ಮಿಟ್ ಅವರದೂ ಒಂದು. 2011ರಲ್ಲಿ ನೊಬೆಲ್ ಬಂತು, 2016ರಲ್ಲಿ ಆಸ್ಟ್ರೇಲಿಯನ್ ನ್ಯಾಷನಲ್ ಯೂನಿವರ್ಸಿಟಿಯ (ಎಎನ್‌ಯು) ಕುಲಪತಿಯಾದರು ಎಂದು ಒಂದೇ ಉಸಿರಿನಲ್ಲಿ ಹೇಳಿ ಮುಗಿಸುತ್ತಾರೆ. ಇಸವಿಗಳು ಸರಿ. ಆದರೆ ಈ ಎರಡು ಇಸವಿಗಳಿಗೂ ಮುಂಚೆ ಅವರು ಏನು ಮಾಡಿದರು, ಹೇಗೆ ಮಾಡಿದರು ಎಂಬುದರಲ್ಲೇ ಅವರ ಆಡಳಿತದ ಒಳ್ಳೆಯದೂ ಕೊರತೆಯೂ ಇವೆ ಎಂದು ನಮಗೆ ಅನ್ನಿಸುವುದರಿಂದ ಈ ಪತ್ರ. ಸ್ವಲ್ಪ ದೀರ್ಘವಾಗಿದೆ, ಮನ್ನಿಸಬೇಕು.

ಶ್ಮಿಟ್ ಹುಟ್ಟಿದ್ದು 1967ರಲ್ಲಿ, ಅಮೆರಿಕದ ಮೊಂಟಾನಾ ರಾಜ್ಯದಲ್ಲಿ. ಹೈಸ್ಕೂಲು ಅಲಾಸ್ಕಾದಲ್ಲಿ, 1989ರಲ್ಲಿ ಪದವಿ ಅರಿಜೋನಾ ವಿಶ್ವವಿದ್ಯಾಲಯದಲ್ಲಿ. 1993ರಲ್ಲಿ ಹಾರ್ವರ್ಡ್‌ನಿಂದ ಡಾಕ್ಟರೇಟ್, ಮಾರ್ಗದರ್ಶಕರು ರಾಬರ್ಟ್ ಕಿರ್ಶ್ನರ್. ಪ್ರಬಂಧದ ವಿಷಯ ಎರಡನೇ ಬಗೆಯ ಸೂಪರ್‌ನೋವಾಗಳನ್ನು, ಅಂದರೆ ದೊಡ್ಡ ನಕ್ಷತ್ರಗಳ ಸಿಡಿತಗಳನ್ನು, ಬಳಸಿ ಗ್ಯಾಲಕ್ಸಿಗಳ ದೂರ ಅಳೆಯುವುದು. ದೊಡ್ಡ ನಕ್ಷತ್ರ ಸಿಡಿದಾಗ ಹೊರಪದರ ಎಷ್ಟು ವೇಗದಲ್ಲಿ ಚಿಮ್ಮುತ್ತಿದೆ ಎಂಬುದನ್ನು ಬೆಳಕಿನ ರೋಹಿತ ಹೇಳುತ್ತದೆ. ಸಿಡಿದು ಎಷ್ಟು ದಿನವಾಯಿತೆಂದು ಗೊತ್ತಿದ್ದರೆ ವೇಗವನ್ನು ದಿನಗಳಿಂದ ಗುಣಿಸಿ ಆ ಬೆಂಕಿಯುಂಡೆಯ ಗಾತ್ರ ತಿಳಿಯಬಹುದು. ಬಣ್ಣದಿಂದ ಉಷ್ಣತೆ, ಗಾತ್ರ ಮತ್ತು ಉಷ್ಣತೆಯಿಂದ ನಿಜವಾದ ಪ್ರಕಾಶ. ನಮಗೆ ಎಷ್ಟು ಮಂಕಾಗಿ ಕಾಣುತ್ತಿದೆ ಎಂಬುದರ ಜತೆ ಅದನ್ನು ಹೋಲಿಸಿದರೆ ದೂರ ಸಿಕ್ಕಿತು. ವಿಶ್ವ ಹಿಗ್ಗುವ ದರ (ಪ್ರತಿ ಮೆಗಾಪಾರ್ಸೆಕ್, ಅಂದರೆ ಸುಮಾರು 33 ಲಕ್ಷ ಜ್ಯೋತಿರ್ವರ್ಷ ದೂರಕ್ಕೆ, ಸೆಕೆಂಡಿಗೆ ಎಷ್ಟು ಕಿಲೋಮೀಟರ್ ಎಂಬ ಲೆಕ್ಕ) 50ರ ಹತ್ತಿರವೋ 100ರ ಹತ್ತಿರವೋ ಎಂದು ಹಿರಿಯರು ಎರಡು ಪಾಳೆಯಗಳಾಗಿ ದಶಕಗಳ ಕಾಲ ಜಗಳವಾಡಿದ್ದ ಹೊತ್ತಿನಲ್ಲಿ ಈ ವಿಧಾನ ಕೊಟ್ಟ ಉತ್ತರ 73. ಅದರ ಜತೆಗೆ ಎರಡು ದೋಷಮಿತಿಗಳನ್ನು ಬೇರೆ ಬೇರೆಯಾಗಿ ಬರೆದಿದ್ದರು. ಒಂದು ಅಳತೆಯ ಚೆದುರುವಿಕೆಯಿಂದ ಬರುವುದು, ಇನ್ನೊಂದು ವಿಧಾನದಲ್ಲೇ ಅಡಗಿರಬಹುದಾದದ್ದು. ಮೊದಲನೆಯದು ಹೆಚ್ಚು ಅಳೆದರೆ ಕಡಿಮೆಯಾಗುತ್ತದೆ. ಎರಡನೆಯದು ಸಾವಿರ ಸಲ ಅಳೆದರೂ ಹಾಗೆಯೇ ಇರುತ್ತದೆ. ಈ ವ್ಯತ್ಯಾಸವನ್ನು ದಯವಿಟ್ಟು ನೆನಪಿಡಿ, ಮುಂದೆ ಬೇಕಾಗುತ್ತದೆ.

ಡಾಕ್ಟರೇಟ್ ಮುಗಿದ ವರ್ಷವೇ ಚಿಲಿಯ ಸೆರೊ ಟೊಲೊಲೊ ವೀಕ್ಷಣಾಲಯದ ಮಾರ್ಕ್ ಫಿಲಿಪ್ಸ್ ಒಂದು ಮುಖ್ಯ ಸಂಗತಿ ಪ್ರಕಟಿಸಿದರು. ಒಂದು-ಎ ಬಗೆಯ ಸೂಪರ್‌ನೋವಾ, ಅಂದರೆ ಇಂಧನ ಮುಗಿದು ಕುಗ್ಗಿದ ಶ್ವೇತ ಕುಬ್ಜ ನಕ್ಷತ್ರ ಸಿಡಿಯುವುದು, ಎಲ್ಲ ಸಲವೂ ಒಂದೇ ಪ್ರಕಾಶದ್ದಾಗಿರುವುದಿಲ್ಲ. ಆದರೆ ಹೆಚ್ಚು ಬೆಳಗುವಂಥವು ನಿಧಾನವಾಗಿ ಆರುತ್ತವೆ, ಕಡಿಮೆ ಬೆಳಗುವಂಥವು ಬೇಗ ಆರುತ್ತವೆ. ಆರುವ ಗತಿ ಅಳೆದರೆ ಪ್ರಕಾಶವನ್ನು ತಿದ್ದಿಕೊಳ್ಳಬಹುದು. 1994ರಲ್ಲಿ 27 ವರ್ಷದ ಶ್ಮಿಟ್, ನಿಕೊಲಸ್ ಸಂಟ್ಜೆಫ್ ಜತೆ ಸೇರಿ, ಇದನ್ನು ಬಹುದೂರದ ಸೂಪರ್‌ನೋವಾಗಳಿಗೆ ಅನ್ವಯಿಸುವ ತಂಡ ಕಟ್ಟಿದರು. ವಿಶ್ವದ ಹಿಗ್ಗುವಿಕೆ ಗುರುತ್ವದ ಎಳೆತದಿಂದ ಎಷ್ಟು ನಿಧಾನವಾಗುತ್ತಿದೆ ಎಂದು ಅಳೆಯುವುದು ಗುರಿ. ಬರ್ಕ್ಲಿಯಲ್ಲಿ ಸಾಲ್ ಪರ್ಲ್‌ಮಟರ್ ಅವರ ತಂಡ ಇದೇ ಕೆಲಸವನ್ನು ಆಗಲೇ ವರ್ಷಗಳಿಂದ ಮಾಡುತ್ತಿತ್ತು. ಅಂದರೆ ಇವರು ತಡವಾಗಿ ಕಣಕ್ಕಿಳಿದವರು. ಪತ್ನಿ ಆಸ್ಟ್ರೇಲಿಯದವರಾದ್ದರಿಂದ ಶ್ಮಿಟ್ ಅದೇ ಹೊತ್ತಿಗೆ ಕ್ಯಾನ್‌ಬೆರಾ ಪಕ್ಕದ, ಎಎನ್‌ಯುಗೆ ಸೇರಿದ ಮೌಂಟ್ ಸ್ಟ್ರಾಮ್ಲೊ ವೀಕ್ಷಣಾಲಯ ಸೇರಿದರು. ತಂಡದ ಮುಖ್ಯಸ್ಥ ಆಸ್ಟ್ರೇಲಿಯದಲ್ಲಿ, ದೂರದರ್ಶಕ ಚಿಲಿಯಲ್ಲಿ, ಉಳಿದವರು ಅಮೆರಿಕ ಮತ್ತು ಯುರೋಪಿನಲ್ಲಿ.

ಈ ಹುಡುಕಾಟದ ಕಷ್ಟ ಎಲ್ಲಿತ್ತೆಂದು ಸ್ವಲ್ಪ ಬಿಡಿಸಿ ಹೇಳಬೇಕು, ಯಾಕೆಂದರೆ ಆಡಳಿತದ ಪಾಠ ಇಲ್ಲೇ ಇದೆ. ಒಂದು ಗ್ಯಾಲಕ್ಸಿಯಲ್ಲಿ ಈ ಬಗೆಯ ಸಿಡಿತ ನೂರಾರು ವರ್ಷಕ್ಕೊಮ್ಮೆ ಆಗುವಂಥದ್ದು. ದೊಡ್ಡ ದೂರದರ್ಶಕದ ರಾತ್ರಿಗಳನ್ನಾದರೋ ಆರು ತಿಂಗಳು ಮೊದಲೇ ಅರ್ಜಿ ಹಾಕಿ ಪಡೆಯಬೇಕು. ಇನ್ನೂ ಸಿಡಿಯದ ನಕ್ಷತ್ರಕ್ಕಾಗಿ ರಾತ್ರಿ ಕಾದಿರಿಸಿ ಎಂದರೆ ಯಾವ ಸಮಿತಿ ಒಪ್ಪೀತು? ದಾರಿ ಇದು: ಅಮಾವಾಸ್ಯೆ ಕಳೆದ ಕೂಡಲೇ ಸಾವಿರಾರು ಗ್ಯಾಲಕ್ಸಿಗಳಿರುವ ಆಕಾಶದ ಭಾಗಗಳ ಚಿತ್ರ ತೆಗೆದಿಡುವುದು. ಸುಮಾರು ಮೂರು ವಾರ ಬಿಟ್ಟು, ಮುಂದಿನ ಅಮಾವಾಸ್ಯೆಗೆ ಸ್ವಲ್ಪ ಮೊದಲು, ಅದೇ ಭಾಗಗಳ ಚಿತ್ರ ಮತ್ತೆ ತೆಗೆಯುವುದು. ಎರಡನೆಯದರಿಂದ ಮೊದಲನೆಯದನ್ನು ಕಳೆದರೆ ಉಳಿಯುವ ಚುಕ್ಕೆ ಹೊಸದು. ಸಿಡಿದ ನಕ್ಷತ್ರ ಪೂರ್ಣ ಪ್ರಕಾಶಕ್ಕೇರಲು ಸುಮಾರು 20 ದಿನ ಬೇಕು, ಅಷ್ಟು ದೂರದ್ದಾದರೆ ಕಾಲವೇ ಹಿಗ್ಗಿ ಸುಮಾರು 30 ದಿನ. ಹಾಗಾಗಿ ಸಿಕ್ಕದ್ದು ಇನ್ನೂ ಏರುಮುಖದಲ್ಲೇ ಇರುತ್ತದೆ, ಮುಂದಿನ ವೀಕ್ಷಣೆಗೆ ಬೆಳದಿಂಗಳಿಲ್ಲದ ರಾತ್ರಿಗಳೂ ಸಿಗುತ್ತವೆ. ಅನಿಶ್ಚಿತವಾದ ಘಟನೆಯನ್ನು ಹೀಗೆ ವೇಳಾಪಟ್ಟಿಗೆ ಒಗ್ಗಿಸಿಕೊಂಡರು. ಈ ಉಪಾಯವನ್ನು ಮೊದಲು ಪಳಗಿಸಿದ್ದು ಎದುರಾಳಿಗಳಾದ ಬರ್ಕ್ಲಿ ತಂಡದವರು ಎಂಬುದನ್ನೂ ಹೇಳಬೇಕು.

ಕಳೆಯುವುದು ಎಂದರೆ ಸುಲಭ ಎನ್ನಿಸುತ್ತದೆ. ಕೆಟ್ಟುಹೋಗುವುದೆಲ್ಲ ಅಲ್ಲೇ. ಎರಡು ರಾತ್ರಿ ವಾತಾವರಣ ಒಂದೇ ರೀತಿ ಇರುವುದಿಲ್ಲ. ಒಂದರಲ್ಲಿ ನಕ್ಷತ್ರ ಚೂಪಾಗಿ, ಇನ್ನೊಂದರಲ್ಲಿ ಹರಡಿದಂತೆ ಕಾಣುತ್ತದೆ. ನೇರವಾಗಿ ಕಳೆದರೆ ಪ್ರತಿ ನಕ್ಷತ್ರದ ಜಾಗದಲ್ಲೂ ಉಂಗುರ ಉಳಿಯುತ್ತದೆ. ಚೂಪಾದ ಚಿತ್ರವನ್ನು ಬೇಕೆಂದೇ ಮಸುಕುಗೊಳಿಸಿ ಇನ್ನೊಂದಕ್ಕೆ ಹೊಂದಿಸಬೇಕು. ಜೋಡಣೆ ಪಿಕ್ಸೆಲಿನ ಒಂದಂಶ ತಪ್ಪಿದರೂ ಒಂದು ಬದಿ ಬಿಳಿ, ಇನ್ನೊಂದು ಬದಿ ಕಪ್ಪು ಕಾಣುವ ಜೋಡಿ ಕಲೆಗಳು ಸಾಲುಗಟ್ಟುತ್ತವೆ. ಕಾಸ್ಮಿಕ್ ಕಿರಣ ಬಡಿದರೆ ಥೇಟ್ ಹೊಸ ನಕ್ಷತ್ರದಂತೆ ಹೊಳೆಯುತ್ತದೆ. ಅದಕ್ಕೇ ಒಂದೇ ಜಾಗದ ಎರಡು ಚಿತ್ರ ತೆಗೆಯಬೇಕು, ಎರಡರಲ್ಲೂ ಇದ್ದರೆ ಮಾತ್ರ ಲೆಕ್ಕಕ್ಕೆ. ಎರಡು ಚಿತ್ರಗಳ ನಡುವೆ ಜಾಗ ಬದಲಿಸಿದ್ದರೆ ಕ್ಷುದ್ರಗ್ರಹ. ಗ್ಯಾಲಕ್ಸಿಯ ನಟ್ಟನಡುವೆ ಮಿನುಗಿದರೆ ಅದು ಕಪ್ಪುಕುಳಿಯಿಂದಾಗಿ ಹೊಳೆಯುವ ಸಕ್ರಿಯ ಕೇಂದ್ರವಾಗಿರಬಹುದು. ಇದನ್ನೆಲ್ಲ ಸೋಸುವ ತಂತ್ರಾಂಶದ ಬಹುಪಾಲು ಬರೆದದ್ದು ಶ್ಮಿಟ್. ಆಗಿನ ನಿಧಾನಗತಿಯ ಅಂತರ್ಜಾಲದಲ್ಲಿ ಆಸ್ಟ್ರೇಲಿಯದಲ್ಲಿ ಕೂತು ಚಿಲಿಯ ಕಂಪ್ಯೂಟರಿನಲ್ಲಿ ಅದನ್ನು ದುರಸ್ತಿ ಮಾಡಬೇಕಿತ್ತು. 1995ರಲ್ಲಿ ಮೊದಲ ಫಲ ಸಿಕ್ಕಿತು. 1995ಕೆ ಎಂಬ ಸೂಪರ್‌ನೋವಾ, ಕೆಂಪು ಪಲ್ಲಟ (ವಿಶ್ವ ಹಿಗ್ಗಿದಂತೆ ಬೆಳಕಿನ ತರಂಗ ಎಷ್ಟು ಉದ್ದವಾಗಿ ಕೆಂಪಿನತ್ತ ಸರಿದಿದೆ ಎಂಬ ಅಳತೆ) 0.479.

ಸಿಕ್ಕಿದ ಮೇಲೂ ಮುಗಿಯಲಿಲ್ಲ. ಒಂದು-ಎ ಬಗೆಯೆಂದು ಗುರುತಿಸುವ ಸಿಲಿಕಾನ್ ಗೆರೆ ರೋಹಿತದಲ್ಲಿ 6150 ಆಂಗ್‌ಸ್ಟ್ರಾಮ್ ತರಂಗಾಂತರದ ಬಳಿ ಇರಬೇಕಾದದ್ದು, ಈ ದೂರದಲ್ಲಿ 9100ರ ಆಸುಪಾಸಿಗೆ ಜಾರುತ್ತದೆ. ಅಲ್ಲಿ ಆಕಾಶವೇ ಮಿನುಗುತ್ತದೆ, ಸಂವೇದಕವೂ ದುರ್ಬಲ. ಆದ್ದರಿಂದ ಹವಾಯಿಯ 10 ಮೀಟರಿನ ಕೆಕ್ ದೂರದರ್ಶಕ ಬೇಕಾಯಿತು, ರೋಹಿತದ ನೀಲಿ ಭಾಗದ ಬೇರೆ ಗುರುತುಗಳನ್ನೂ ನಂಬಬೇಕಾಯಿತು. ಹತ್ತಿರದ ಸೂಪರ್‌ನೋವಾದ ನೀಲಿ ಬೆಳಕನ್ನು ದೂರದ್ದರ ನೀಲಿ ಬೆಳಕಿನೊಂದಿಗೇ ಹೋಲಿಸಬೇಕು. ಅದೋ ಕೆಂಪಾಗಿ ಬಂದಿರುತ್ತದೆ. ಇದಕ್ಕಾಗಿ 0.35 ಮತ್ತು 0.45 ಕೆಂಪು ಪಲ್ಲಟಕ್ಕೆ ಸರಿಹೊಂದುವ ಶೋಧಕಗಳನ್ನು (ಬಣ್ಣದ ಫಿಲ್ಟರುಗಳನ್ನು) ವಿಶೇಷವಾಗಿ ಮಾಡಿಸಿಕೊಂಡರು. ನಡುವೆ ಧೂಳಿದ್ದರೆ ಬೆಳಕು ಮಂಕಾಗುತ್ತದೆ, ದೂರವಿದೆ ಎಂದು ಮೋಸ ಹೋಗಬಹುದು. ಧೂಳು ಕೆಂಪನ್ನೂ ಬೆರೆಸುವುದರಿಂದ ಎರಡು ಬಣ್ಣಗಳಲ್ಲಿ ಅಳೆದು ಅದನ್ನು ಕಳೆದರು. ಹಿಂದೆ ಹೇಳಿದ ಎರಡನೇ ಬಗೆಯ ದೋಷ ಎಂದರೆ ಇವೇ. ಅವರ ಸಮಯದ ದೊಡ್ಡ ಪಾಲು ಹೋದದ್ದು ಈ ಬಗೆಯ ದೋಷಗಳನ್ನು ಒಂದೊಂದಾಗಿ ಹೆಸರಿಸಿ ಬೆನ್ನಟ್ಟುವುದರಲ್ಲಿ.

ಇನ್ನು ತಂಡ ನಡೆಸಿದ ರೀತಿ. ಹಿಗ್ಗುವಿಕೆ ನಿಧಾನವಾಗುತ್ತಿಲ್ಲ, ವೇಗವಾಗುತ್ತಿದೆ ಎಂದು ಸಾರಿದ ಪ್ರಬಂಧ 1998ರ ಸೆಪ್ಟೆಂಬರಿನಲ್ಲಿ ಆಸ್ಟ್ರೊನಾಮಿಕಲ್ ಜರ್ನಲ್‌ನಲ್ಲಿ ಬಂತು. ದೂರದ 16, ಹತ್ತಿರದ 34 ಸೂಪರ್‌ನೋವಾಗಳು ಅದಕ್ಕೆ ಆಧಾರ. ದೂರದವು ನಿರೀಕ್ಷೆಗಿಂತ ಸರಾಸರಿ ಶೇ 10ರಿಂದ 15ರಷ್ಟು ಹೆಚ್ಚು ದೂರದಲ್ಲಿದ್ದವು. ಲೇಖಕರು 20 ಮಂದಿ. ಮೊದಲ ಹೆಸರು ಆಗಿನ್ನೂ ಪೋಸ್ಟ್‌ಡಾಕ್ಟರಲ್ ಸಂಶೋಧಕರಾಗಿದ್ದ ಆಡಮ್ ರೀಸ್ ಅವರದು, ಯಾಕೆಂದರೆ ವಿಶ್ಲೇಷಣೆ ಮುನ್ನಡೆಸಿದವರು ಅವರು. ತಂಡದ ಮುಖ್ಯಸ್ಥರ ಹೆಸರು? ಮೊದಲ ಇಬ್ಬರ ನಂತರದವರದು ಅಕ್ಷರಾನುಕ್ರಮ, ಶ್ಮಿಟ್ 14ನೆಯವರು. ಹಬಲ್ ದೂರದರ್ಶಕದ ದತ್ತಾಂಶ ಬಳಸಿದ ಇನ್ನೊಂದು ಪ್ರಬಂಧಕ್ಕೆ ಪೀಟರ್ ಗಾರ್ನಾವಿಚ್ ಮೊದಲಿಗರು. 1995ಕೆಯಲ್ಲಿ ಕಾಲ ಹಿಗ್ಗಿದ್ದನ್ನು ತೋರಿಸಿದ ಪ್ರಬಂಧಕ್ಕೆ ಬ್ರೂನೊ ಲೈಬುಂಡ್‌ಗುಟ್. ಇಲಾಖೆಯ ಮುಖ್ಯಸ್ಥರ ಹೆಸರು ಪ್ರತಿ ಪ್ರಬಂಧದ ತಲೆಯ ಮೇಲೆ ಕೂರುವ ಪದ್ಧತಿಯನ್ನು ಕಂಡವರಿಗೆ ಇದರ ತೂಕ ಗೊತ್ತಾಗುತ್ತದೆ. ಈ ಶೋಧಕ್ಕೇ 2011ರ ನೊಬೆಲ್ ಬಂದದ್ದು. ನೊಬೆಲ್ ನಿಯಮ ಮೂವರಿಗಿಂತ ಹೆಚ್ಚು ಮಂದಿಗೆ ಅವಕಾಶ ಕೊಡುವುದಿಲ್ಲ. ಅರ್ಧ ಪರ್ಲ್‌ಮಟರ್ ಅವರಿಗೆ, ಕಾಲು ಭಾಗ ಶ್ಮಿಟ್‌ಗೆ, ಕಾಲು ಭಾಗ ರೀಸ್‌ಗೆ ಹೋಯಿತು. ಆದರೆ ಸ್ಟಾಕ್‌ಹೋಮಿಗೆ ತಂಡದ ಉಳಿದವರನ್ನೂ ಇವರು ಕರೆಸಿಕೊಂಡರು. ಬಹುಮಾನದ ಹಣದಲ್ಲಿ 1 ಲಕ್ಷ ಡಾಲರನ್ನು ಶ್ಮಿಟ್ ಪ್ರಾಥಮಿಕ ಶಾಲೆಗಳ ವಿಜ್ಞಾನ ಬೋಧನೆಯ ಕಾರ್ಯಕ್ರಮಕ್ಕೆ ಕೊಟ್ಟರು.

ಇನ್ನೊಂದು ಚಿಕ್ಕ ಸಂಗತಿ, ನಮಗೆ ತುಂಬ ಇಷ್ಟವಾದದ್ದು. ಅದೇ 1998ರಲ್ಲಿ ಶ್ಮಿಟ್ ಮೊದಲ ಲೇಖಕರಾಗಿ ಬರೆದ, ವಿಧಾನ ವಿವರಿಸುವ ಪ್ರಬಂಧದ ಶೀರ್ಷಿಕೆಯಲ್ಲಿ ಇದ್ದದ್ದು ‘ವಿಶ್ವದ ವೇಗ ಇಳಿಕೆಯನ್ನು ಅಳೆಯುವುದು’ ಎಂಬ ಮಾತು. ಹೊರಟದ್ದು ಇಳಿಕೆ ಅಳೆಯಲು, ಸಿಕ್ಕಿದ್ದು ಏರಿಕೆ. ಆ ಶೀರ್ಷಿಕೆ ಇಂದಿಗೂ ಹಾಗೆಯೇ ಇದೆ. ಬರ್ಕ್ಲಿ ತಂಡವೂ ಮೊದಲ ಏಳು ಸೂಪರ್‌ನೋವಾಗಳಿಂದ 1997ರಲ್ಲಿ ಪ್ರಕಟಿಸಿದ್ದು ವೇಗ ಇಳಿಯುತ್ತಿದೆ ಎಂಬ ಕಡೆಗೇ ವಾಲಿತ್ತು. 42 ಸಿಕ್ಕಿದ ಮೇಲೆ ತಮ್ಮದೇ ಉತ್ತರವನ್ನು ತಾವೇ ತಿದ್ದಿದರು.

2003ರ ಜನವರಿ 18ರಂದು ಕ್ಯಾನ್‌ಬೆರಾಗೆ ನುಗ್ಗಿದ ಕಾಡ್ಗಿಚ್ಚು ಮೌಂಟ್ ಸ್ಟ್ರಾಮ್ಲೊವನ್ನು ಸುಟ್ಟುಹಾಕಿತು. 74 ಅಂಗುಲದ ದೂರದರ್ಶಕ, ಹತ್ತೊಂಬತ್ತನೇ ಶತಮಾನದ ಗ್ರೇಟ್ ಮೆಲ್ಬರ್ನ್ ದೂರದರ್ಶಕದ ಭಾಗಗಳಿಂದ ಮರುಕಟ್ಟಿದ್ದ 50 ಅಂಗುಲದ್ದು, ಕಾರ್ಯಾಗಾರಗಳು, ಗ್ರಂಥಾಲಯ ಎಲ್ಲ ಬೂದಿ. ಜೆಮಿನಿ ವೀಕ್ಷಣಾಲಯಕ್ಕಾಗಿ ಅಲ್ಲಿ ಕಟ್ಟುತ್ತಿದ್ದ ‘ನಿಫ್ಸ್’ ಎಂಬ ರೋಹಿತಮಾಪಕ ಮುಗಿಯುವ ಹಂತದಲ್ಲಿತ್ತು, ಅದೂ ಹೋಯಿತು. ಸಂಸ್ಥೆ ಅದನ್ನು ಮೊದಲಿನಿಂದ ಮತ್ತೆ ಕಟ್ಟಿಸಿ 2005ರಲ್ಲಿ ತಲುಪಿಸಿತು. ನಕ್ಷೆಗಳು ಉಳಿದಿದ್ದವು, ಕಟ್ಟಿದ ಕೈಗಳು ಅಲ್ಲೇ ಇದ್ದವು, ಹಾಗಾಗಿ ಸಾಧ್ಯವಾಯಿತು.

50 ಅಂಗುಲದ ಆ ದೂರದರ್ಶಕವನ್ನು ಸಮೀಕ್ಷೆಗೆ ಸಜ್ಜುಗೊಳಿಸುವ ಯೋಜನೆ ಶ್ಮಿಟ್ ಅವರದಾಗಿತ್ತು. ಅದು ಇಲ್ಲವಾದ ಮೇಲೆ ಯೋಜನೆಯ ರೂಪವನ್ನೇ ಬದಲಿಸಿದರು. ನಗರದ ಬೆಳಕು ಆವರಿಸಿದ್ದ ಸ್ಟ್ರಾಮ್ಲೊ ಬಿಟ್ಟು ನ್ಯೂ ಸೌತ್ ವೇಲ್ಸ್‌ನ ಸೈಡಿಂಗ್ ಸ್ಪ್ರಿಂಗ್ ಬೆಟ್ಟದ ಕತ್ತಲೆಗೆ ಹೋದರು. ಹೊಸ ದೂರದರ್ಶಕದ ಹೆಸರು ಸ್ಕೈಮ್ಯಾಪರ್. ಕನ್ನಡಿ 1.35 ಮೀಟರ್, 32 ಸಂವೇದಕಗಳ 268 ಮೆಗಾಪಿಕ್ಸೆಲ್ ಕ್ಯಾಮೆರಾ, ಒಂದು ಸಲಕ್ಕೆ 5.7 ಚದರ ಡಿಗ್ರಿ ಆಕಾಶ, ಆರು ಶೋಧಕಗಳು. ಆ ಆರರಲ್ಲಿ ನೇರಳೆಯ ಒಂದನ್ನು ನಕ್ಷತ್ರದಲ್ಲಿ ಲೋಹ ಎಷ್ಟಿದೆಯೆಂದು ಬಣ್ಣದಿಂದಲೇ ಅಂದಾಜಿಸುವಂತೆ ಆರಿಸಿಕೊಂಡರು. ಅದರ ಫಲ, 2014ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ವರದಿಯಾದ, ಕಬ್ಬಿಣವೇ ಪತ್ತೆಯಾಗದಷ್ಟು ಪುರಾತನ ನಕ್ಷತ್ರ. ವಿಶ್ವವಿದ್ಯಾಲಯದ ಮುಖ್ಯಸ್ಥನಾಗುವವನಿಗೆ ಸಿಗಬಹುದಾದ ತರಬೇತಿಗಳಲ್ಲಿ ಇದಕ್ಕಿಂತ ಗಟ್ಟಿಯಾದದ್ದು ನಮಗಂತೂ ತೋರುವುದಿಲ್ಲ: ಗುತ್ತಿಗೆದಾರರು, ಬಜೆಟ್ಟು, ವಿಳಂಬ, ವಿಮೆ, ಮನೆಮಠ ಕಳೆದುಕೊಂಡ ನಗರದ ನಡುವೆ ಕೆಲಸಕ್ಕೆ ಮರಳಬೇಕಾದ ಸಿಬ್ಬಂದಿ.

ಆಸ್ಟ್ರೇಲಿಯದಲ್ಲಿ ಕುಲಪತಿ ಎಂದರೆ ಪೂರ್ಣ ಕಾರ್ಯಾಧಿಕಾರವುಳ್ಳವರು. ಅವರನ್ನು ನೇಮಿಸುವುದು ವಿಶ್ವವಿದ್ಯಾಲಯದ ಕೌನ್ಸಿಲ್, ಅದರ ಅಧ್ಯಕ್ಷತೆ ಕುಲಾಧಿಪತಿಯದು. ಎಎನ್‌ಯು 1946ರಲ್ಲಿ ಸಂಸತ್ತಿನ ಕಾಯ್ದೆಯಿಂದಲೇ ಹುಟ್ಟಿದ ಸಂಸ್ಥೆ. ಶ್ಮಿಟ್ ಅಧಿಕಾರ ವಹಿಸಿಕೊಂಡದ್ದು 2016ರ ಜನವರಿ 1ರಂದು, ಬಿಟ್ಟದ್ದು 2023ರ ಕೊನೆಗೆ. ಎಂಟು ವರ್ಷ.

ಆ ಎಂಟು ವರ್ಷಗಳಲ್ಲಿ ಅವರ ವೀಕ್ಷಣಾ ಅಭ್ಯಾಸ ನೇರವಾಗಿ ಕಾಣುವ ಜಾಗ 2019ರ ದತ್ತಾಂಶ ಕಳವು. ಹೊರಗಿನವರು ವಿಶ್ವವಿದ್ಯಾಲಯದ ಜಾಲದೊಳಗೆ ನುಸುಳಿ ಸಿಬ್ಬಂದಿ, ವಿದ್ಯಾರ್ಥಿ ಮತ್ತು ಹಣಕಾಸಿನ ದಾಖಲೆಗಳಿರುವ ಭಾಗ ತಲುಪಿದ್ದರು. ಗೊತ್ತಾದ ಎರಡು ಮೂರು ವಾರದೊಳಗೆ, ಜೂನ್ ಆರಂಭದಲ್ಲಿ, ಅದನ್ನು ಬಹಿರಂಗಪಡಿಸಿದರು. ಮೊದಲ ಅಂದಾಜನ್ನು ಕೆಟ್ಟ ಸಾಧ್ಯತೆಗೇ ಹಿಡಿದು, 19 ವರ್ಷಗಳ ದಾಖಲೆಗಳು ಕೈತಪ್ಪಿರಬಹುದು ಎಂದರು. ಅಕ್ಟೋಬರಿನಲ್ಲಿ ಪೂರ್ತಿ ತನಿಖಾ ವರದಿ ಪ್ರಕಟಿಸಿದರು. 2018ರ ನವೆಂಬರಿನಲ್ಲಿ ಹಿರಿಯ ಸಿಬ್ಬಂದಿಯೊಬ್ಬರಿಗೆ ಬಂದ ಒಂದು ಇಮೇಲ್, ಕೊಂಡಿ ಒತ್ತದೆಯೂ ತೆರೆದು ನೋಡಿದ್ದಕ್ಕೇ ಗುಪ್ತಪದ ಸೋರಿದ್ದು, ಹಳತಾದ ಯಂತ್ರವೊಂದನ್ನು ನೆಲೆ ಮಾಡಿಕೊಂಡದ್ದು, ಅಲ್ಲಿಂದ ಒಳಗೆ ಹಬ್ಬಿದ್ದು, ಆ ನಡುವೆ ನಡೆದ ಫೈರ್‌ವಾಲ್ ಬದಲಾವಣೆ ಆಕಸ್ಮಿಕವಾಗಿ ಅವರ ದಾರಿ ಕಡಿದದ್ದು, ಅವರು ಮತ್ತೆ ಪ್ರಯತ್ನಿಸಿದ್ದು, ಎಲ್ಲ ಕಾಲಾನುಕ್ರಮದಲ್ಲಿದೆ. ನಿಜವಾಗಿ ಹೋದದ್ದು ಮೊದಲು ಹೆದರಿದ್ದಕ್ಕಿಂತ ಬಹಳ ಕಡಿಮೆ ಎಂಬ ತಿದ್ದುಪಡಿಯೂ ಅದರಲ್ಲೇ ಇದೆ. ಸಾಮಾನ್ಯವಾಗಿ ಸಂಸ್ಥೆಗಳು ಇಂಥದ್ದನ್ನು ‘ಸಣ್ಣ ತಾಂತ್ರಿಕ ದೋಷ’ ಎಂದು ಮುಚ್ಚುತ್ತವೆ. ಇಲ್ಲಿ ದೋಷಕ್ಕೆ ಹೆಸರಿಟ್ಟು, ಇತರ ವಿಶ್ವವಿದ್ಯಾಲಯಗಳ ಕಂಪ್ಯೂಟರ್ ವಿಭಾಗದವರು ಓದಿ ತಮ್ಮ ಬಾಗಿಲು ಭದ್ರಪಡಿಸಿಕೊಳ್ಳಲು ಬರುವಂತೆ ಬರೆದಿದ್ದಾರೆ. ಪ್ರಬಂಧದ ಜತೆ ದೋಷಪಟ್ಟಿ ಲಗತ್ತಿಸಿ ಅಭ್ಯಾಸವಾದವರ ಕೈ ಇದರಲ್ಲಿ ಕಾಣುತ್ತದೆ.

2018ರಲ್ಲಿ ಪಾಶ್ಚಾತ್ಯ ನಾಗರಿಕತೆಯ ಪದವಿಗೆಂದು ರಾಮ್ಸೆ ಸೆಂಟರ್ ಎಂಬ ಖಾಸಗಿ ಸಂಸ್ಥೆ ನೀಡಲು ಬಂದ ದೊಡ್ಡ ದೇಣಿಗೆಯ ಮಾತುಕತೆಯನ್ನು ಎಎನ್‌ಯು ನಿಲ್ಲಿಸಿತು. ಏನು ಕಲಿಸಬೇಕು, ಯಾರು ಕಲಿಸಬೇಕು ಎಂಬುದರಲ್ಲಿ ದಾನಿಗೆ ಕೈಯಾಡಿಸುವ ಅವಕಾಶ ಹೆಚ್ಚಾಯಿತು ಎಂಬುದು ಕಾರಣ. ರಾಜಕೀಯವಾಗಿ ದುಬಾರಿ ನಿರ್ಧಾರ, ಪ್ರಧಾನಿಗಳ ಮಟ್ಟದಲ್ಲೂ ಮಾತು ಕೇಳಬೇಕಾಯಿತು. ವಿದೇಶಿ ವಿದ್ಯಾರ್ಥಿಗಳ ಶುಲ್ಕದ ಮೇಲೆ ಇಡೀ ದೇಶದ ವಿಶ್ವವಿದ್ಯಾಲಯಗಳು ಹಿಗ್ಗುತ್ತಿದ್ದ ಕಾಲದಲ್ಲೇ, ಕ್ಯಾಂಪಸ್ಸಿನ ಸಂಖ್ಯೆಯನ್ನು ಸುಮಾರು 20,000ದ ಆಸುಪಾಸಿನಲ್ಲಿ ಹಿಡಿದಿಡುವ ನಿಲುವನ್ನೂ ತೆಗೆದುಕೊಂಡರು.

ಆದರೆ ಎಲ್ಲವೂ ಚಿತ್ರ ಕಳೆದಂತೆ ಕಳೆದುಹೋಗುವುದಿಲ್ಲ. 2017ರ ಆಗಸ್ಟಿನಲ್ಲಿ ಆಸ್ಟ್ರೇಲಿಯದ ಮಾನವ ಹಕ್ಕು ಆಯೋಗ ಕ್ಯಾಂಪಸ್ಸುಗಳಲ್ಲಿನ ಲೈಂಗಿಕ ದೌರ್ಜನ್ಯದ ಸಮೀಕ್ಷೆ ಪ್ರಕಟಿಸಿದಾಗ ಎಎನ್‌ಯು ಅಂಕಿಗಳು ರಾಷ್ಟ್ರೀಯ ಸರಾಸರಿಗಿಂತ ಕೆಟ್ಟದಾಗಿದ್ದವು. ಶ್ಮಿಟ್ ಬಹಿರಂಗವಾಗಿ ಕ್ಷಮೆ ಕೇಳಿದರು. ಆದರೂ ವಿದ್ಯಾರ್ಥಿನಿಯರು ನಂತರದ ವರ್ಷಗಳಲ್ಲೂ ಸಂಸ್ಥೆಯ ನಿಧಾನಗತಿಯ ವಿರುದ್ಧ ಪ್ರತಿಭಟಿಸಿದರು, ಅವರ ಸಿಟ್ಟು ನ್ಯಾಯವಾದದ್ದೇ. ಇಲ್ಲಿ ಅಂಕಿ ಪ್ರಕಟಿಸುವುದು ಮೊದಲ ಹೆಜ್ಜೆ ಮಾತ್ರ. ದೂರು ಕೊಟ್ಟವರು ಯಾರ ಬಳಿ ಹೋಗಬೇಕು, ಎಷ್ಟು ದಿನದಲ್ಲಿ ಉತ್ತರ ಬರಬೇಕು, ವಸತಿ ನಿಲಯದಲ್ಲಿ ಆರೋಪಿಯ ಪಕ್ಕದ ಕೋಣೆಯಲ್ಲೇ ಮಲಗಬೇಕಾದ ಹುಡುಗಿಗೆ ಅಂದು ರಾತ್ರಿ ಏನು ವ್ಯವಸ್ಥೆ ಎಂಬವು ಬೇರೆ ಬಗೆಯ ಕೆಲಸಗಳು. ಅವಕ್ಕೆ ಬೇಕಾದ ಅನುಭವ ವೀಕ್ಷಣಾಲಯದಲ್ಲಿ ಸಿಗುವುದಿಲ್ಲ. ಸಿಗದು ಎಂದು ಮೊದಲೇ ಅರಿತು, ಅದನ್ನು ಬಲ್ಲವರಿಗೆ ನಿಜವಾದ ಅಧಿಕಾರ ಕೊಡಬೇಕಾಗುತ್ತದೆ.

2020 ಇನ್ನೂ ಕಠಿಣ. ವರ್ಷ ಶುರುವಾದದ್ದು ಕಾಡ್ಗಿಚ್ಚಿನ ಹೊಗೆಯಿಂದ ಕ್ಯಾಂಪಸ್ ಮುಚ್ಚುವುದರೊಂದಿಗೆ. ಜನವರಿ 20ರಂದು ಆಲಿಕಲ್ಲಿನ ಮಳೆ ಕಟ್ಟಡಗಳ ಛಾವಣಿ, ಕಾರುಗಳ ಗಾಜು, ಸಂಶೋಧನೆಯ ಗಾಜಿನಮನೆಗಳನ್ನು ಒಡೆಯಿತು. ಮಾರ್ಚಿನಲ್ಲಿ ಗಡಿ ಮುಚ್ಚಿತು, ವಿದೇಶಿ ವಿದ್ಯಾರ್ಥಿಗಳು ಬರಲಾಗಲಿಲ್ಲ. ವೇತನ ಉಳಿಸುವ ಸರ್ಕಾರದ ನೆರವು ಸಾರ್ವಜನಿಕ ವಿಶ್ವವಿದ್ಯಾಲಯಗಳಿಗೆ ದಕ್ಕಲಿಲ್ಲ. ಶೇ 2ರ ವೇತನ ಏರಿಕೆಯನ್ನು ಮುಂದೂಡುವ ಪ್ರಸ್ತಾವವನ್ನು ಸಿಬ್ಬಂದಿಯ ಮತಕ್ಕೆ ಹಾಕಿದರು, ಅದು ಅತಿ ಕಡಿಮೆ ಅಂತರದಲ್ಲಿ ಗೆದ್ದಿತು. ಸೆಪ್ಟೆಂಬರಿನಲ್ಲಿ ಪ್ರಕಟವಾದ ಚೇತರಿಕೆ ಯೋಜನೆಯಲ್ಲಿ 465 ಹುದ್ದೆಗಳು ಕಡಿಮೆಯಾಗಬೇಕಿತ್ತು, ಅವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಸ್ವಯಂ ನಿವೃತ್ತಿಯಿಂದ. ಸಂಬಳ ಬಿಟ್ಟುಕೊಟ್ಟೂ ಕೆಲಸ ಉಳಿಯಲಿಲ್ಲವಲ್ಲ ಎಂದು ನೊಂದವರ ಮಾತಿನಲ್ಲಿ ಹುರುಳಿದೆ. ಪ್ರಯೋಗವನ್ನು ಮತ್ತೆ ಮಾಡಬಹುದು. ಹುದ್ದೆ ಕಳೆದುಕೊಂಡವರಿಗೆ ಆ ವರ್ಷ ಮತ್ತೆ ಸಿಗುವುದಿಲ್ಲ.

ನಮ್ಮಲ್ಲೂ ಇಂಥ ದಾರಿ ಹೊಸದಲ್ಲ. ಮೇಘನಾದ ಸಾಹಾ ಅವರ ಶಿಷ್ಯ ದೌಲತ್ ಸಿಂಗ್ ಕೊಠಾರಿ 1930ರ ದಶಕದಲ್ಲಿ ದುಡಿದದ್ದು ಶ್ವೇತ ಕುಬ್ಜಗಳ ಒಳಗೆ ಒತ್ತಡವೇ ಪರಮಾಣುಗಳಿಂದ ಎಲೆಕ್ಟ್ರಾನುಗಳನ್ನು ಕಳಚುವ ಬಗೆಯ ಮೇಲೆ, ಅಂದರೆ ಶ್ಮಿಟ್ ತಂಡ ಬೆನ್ನಟ್ಟಿದ ಸಿಡಿತದ ನಕ್ಷತ್ರದ ಮೇಲೆಯೇ. ಅದೇ ಕೊಠಾರಿ 1961ರಿಂದ 1973ರವರೆಗೆ ಯುಜಿಸಿ ಅಧ್ಯಕ್ಷರು, 1964–66ರ ಶಿಕ್ಷಣ ಆಯೋಗದ ಅಧ್ಯಕ್ಷರು. ಅವರೂ ನಡುವೆ ರಕ್ಷಣಾ ಸಚಿವಾಲಯದ ವಿಜ್ಞಾನ ಸಲಹೆಗಾರರಾಗಿ ಸಂಸ್ಥೆ ಕಟ್ಟುವ ಕೆಲಸದಲ್ಲಿ ವರ್ಷಗಟ್ಟಲೆ ಪಳಗಿದ್ದರು.

ಆದ್ದರಿಂದ ಕುಲಪತಿ ಶೋಧನಾ ಸಮಿತಿಗಳಲ್ಲಿ ಕೂರುವವರಿಗೆ ನಮ್ಮ ವಿನಂತಿ ಇಷ್ಟು. ವಿಜ್ಞಾನಿಯೊಬ್ಬರ ಹೆಸರು ಮುಂದೆ ಬಂದಾಗ ಪ್ರಶಸ್ತಿಗಳ ಪುಟ ತಿರುಗಿಸಿ ಹಿಂದಕ್ಕೆ ಹೋಗಿ. ಅವರು ನಡೆಸಿದ ಅತಿ ದೊಡ್ಡ ಯೋಜನೆಯಲ್ಲಿ ಎಷ್ಟು ಮಂದಿ ಇದ್ದರು, ಆ ಮಂದಿ ಒಂದೇ ಕಟ್ಟಡದವರೋ ಬೇರೆ ಬೇರೆ ಸಂಸ್ಥೆಗಳವರೋ ಕೇಳಿ. ಬೇರೆ ಸಂಸ್ಥೆಗಳವರಾದರೆ ಇನ್ನೂ ಒಳ್ಳೆಯದು, ಅಲ್ಲಿ ಆಜ್ಞೆ ನಡೆಯುವುದಿಲ್ಲ, ಒಪ್ಪಿಸಿಯೇ ಕೆಲಸ ಮಾಡಿಸಬೇಕು. ಅವರ ಮುಖ್ಯ ಪ್ರಬಂಧಗಳಲ್ಲಿ ಎಷ್ಟಕ್ಕೆ ವಿದ್ಯಾರ್ಥಿಗಳೋ ಕಿರಿಯರೋ ಮೊದಲ ಲೇಖಕರು ಎಂದು ಎಣಿಸಿ, ಇದಕ್ಕೆ ಒಂದು ಮಧ್ಯಾಹ್ನ ಸಾಕು. ಕೈಗೆತ್ತಿಕೊಂಡ ಉಪಕರಣ ತಡವಾಯಿತೇ, ಕೆಟ್ಟಿತೇ, ಸುಟ್ಟಿತೇ? ಆಗ ಅವರು ಬರೆದ ವರದಿ ತರಿಸಿ ಓದಿ. ಅದರಲ್ಲಿ ಕಾರಣಗಳಿವೆಯೋ ಬರೀ ವಿವರಣೆಗಳಿವೆಯೋ ನೋಡಿ. ತಮ್ಮದೇ ಹಳೆಯ ಫಲಿತಾಂಶವನ್ನು ಯಾವಾಗಲಾದರೂ ಮುದ್ರಿತವಾಗಿ ತಿದ್ದಿದ್ದಾರೆಯೇ ಎಂದು ಕೇಳಿ. ಸಂದರ್ಶನದಲ್ಲಿ ವಸತಿ ನಿಲಯ, ದೂರು ಸಮಿತಿ, ತಾತ್ಕಾಲಿಕ ಉಪನ್ಯಾಸಕರ ವೇತನ ಇವುಗಳ ಬಗ್ಗೆ ಪ್ರಶ್ನೆ ಹಾಕಿ, ‘ನನಗೆ ಗೊತ್ತಿಲ್ಲ, ಇಂಥವರನ್ನು ಕೇಳುತ್ತೇನೆ’ ಎಂಬ ಉತ್ತರ ಬಂದರೆ ಅದಕ್ಕೆ ಅಂಕ ಕೊಡಿ. ಇವೆಲ್ಲ ದಾಖಲೆಗಳಿಂದ ತಿಳಿಯಬಹುದಾದ ಸಂಗತಿಗಳು, ಯಾರ ಶಿಫಾರಸೂ ಬೇಕಿಲ್ಲ.

ಶ್ಮಿಟ್ ಈಗ ಖಗೋಳ ವಿಜ್ಞಾನಕ್ಕೆ ಮರಳಿದ್ದಾರೆ. ಈ ನಡುವೆ, ಹಿಗ್ಗುವಿಕೆಯನ್ನು ವೇಗಗೊಳಿಸುತ್ತಿದೆ ಎನ್ನಲಾದ ಡಾರ್ಕ್ ಎನರ್ಜಿಯ ಬಲ ಕಾಲಾಂತರದಲ್ಲಿ ಕುಂದುತ್ತಿರಬಹುದು ಎಂಬ ಸುಳಿವು ಗ್ಯಾಲಕ್ಸಿಗಳ ನಕ್ಷೆ ತಯಾರಿಸುವ ‘ಡೆಸಿ’ ಸಮೀಕ್ಷೆಯ 2024 ಮತ್ತು 2025ರ ಫಲಿತಾಂಶಗಳಿಂದ ಬಂದಿದೆ, ಇನ್ನೂ ಖಚಿತವಾಗಿಲ್ಲ. ಆ ಸಮೀಕ್ಷೆ ನಡೆಯುತ್ತಿರುವುದು ಅವರು ಪದವಿ ಓದಿದ ಅರಿಜೋನಾದಲ್ಲಿ, ಕಿಟ್ ಪೀಕ್ ಬೆಟ್ಟದ 4 ಮೀಟರಿನ ದೂರದರ್ಶಕದಲ್ಲಿ. 1995ರಲ್ಲಿ ಅವರ ತಂಡ ಮೊದಲ ಸೂಪರ್‌ನೋವಾ ಹಿಡಿದ ಚಿಲಿಯ ದೂರದರ್ಶಕ ಅದರ ಅವಳಿ.

ಇಂತಿ ವಂದನೆಗಳೊಂದಿಗೆ,
ಇಬ್ಬರು ಭೌತವಿಜ್ಞಾನ ಅಧ್ಯಾಪಕರು